ಎರಡು ಬೆರಳಿನ ಪಾಠ

ಸಂಗೀತ ಮಾಷ್ಟ್ರು ತೀರಿಕೊಂಡ ಸುದ್ದಿ ಕಳೆದ ಆಟಿ ತಿಂಗಳ ಜಡಿಮಳೆಯಲ್ಲಿ ಬಂತು. ಮಣ್ಣು ಕೊಡಲು ಸೇರಿದ ಹಳೆ ವಿದ್ಯಾರ್ಥಿಗಳಲ್ಲಿ ಡಾಕ್ಟರುಗಳಿದ್ದರು, ಬ್ಯಾಂಕಿನವರಿದ್ದರು, ಗಲ್ಫಿನಿಂದ ರಜೆಯಲ್ಲಿ ಬಂದವರಿದ್ದರು. ಮಾತು ಎಲ್ಲಿಂದ ಶುರುವಾದರೂ ಕೊನೆಗೆ ಗಿಟಾರ್ ನುಡಿಸುತ್ತಿದ್ದ ಒಬ್ಬ ಅಮೆರಿಕನ್ ಪಾದ್ರಿಯ ಹೆಸರಿಗೇ ಬಂದು ನಿಲ್ಲುತ್ತಿತ್ತು: ರೆವರೆಂಡ್ ಗ್ಯಾರಿ ಡೇವಿಸ್. ಹತ್ತನೇ ಕ್ಲಾಸಿನ ಬೀಜಗಣಿತ ಅವರಲ್ಲಿ ಯಾರಿಗೂ ನೆನಪಿರಲಿಲ್ಲ. ಗಿಟಾರಿನಲ್ಲಿ ಸಿ ಕಾರ್ಡಿನಿಂದ (ಕಾರ್ಡ್ ಎಂದರೆ ಒಟ್ಟಿಗೆ ನುಡಿಸುವ ಸ್ವರಗಳ ಗುಂಪು) ಎಫ್‌ಗೆ ಹೋಗುವಾಗ ಎಡಗೈ ಹೆಬ್ಬೆರಳು ಎಲ್ಲಿ ಕೂರಬೇಕು ಎಂಬುದು ಮಾತ್ರ ಎಲ್ಲರಿಗೂ ನೆನಪಿತ್ತು. ಶಾಲೆಯ ಈ ಸಂಚಿಕೆಗೆ ಮಾಷ್ಟ್ರ ಬಗ್ಗೆ ಬರೆಯಬೇಕೆಂದಾಗ, ಅವರು ಕಲಿಸಿದ್ದನ್ನೇ ಬರೆದಿಡುವುದು ಸರಿ ಅನ್ನಿಸಿತು. ಅವರ ನೆನಪು ಉಳಿದಿರುವುದೂ ಅದರಲ್ಲೇ.

ಮಂಗಳೂರಿಗೆ ಬಾಸೆಲ್ ಮಿಷನ್ ಎಂಬ ಕ್ರೈಸ್ತ ಸಂಸ್ಥೆ ಬಂದದ್ದು 1834ರಲ್ಲಿ. ಅದರೊಂದಿಗೆ ಬಂದ ಜರ್ಮನ್ ರಾಗಗಳಿಗೆ ಕನ್ನಡ ಕೀರ್ತನೆಗಳನ್ನು ಹೊಂದಿಸಿ ನಾಲ್ಕು ಧ್ವನಿಗಳಲ್ಲಿ ಹಾಡುವುದು ನಮ್ಮ ಚರ್ಚಿನ ಸಭೆಗಳ ರೂಢಿ. ಆರ್ಗನ್ ಮುಂದೆ ಹೋಗುತ್ತದೆ, ಹಾಡುವವರು ಅದರ ಹಿಂದೆ ನಡೆಯುತ್ತಾರೆ. ಮಾಷ್ಟ್ರು ಹುಟ್ಟಿ ಬೆಳೆದದ್ದು ಅದರಲ್ಲೇ, ಭಾನುವಾರ ಆರ್ಗನ್ ನುಡಿಸುತ್ತಿದ್ದವರೂ ಅವರೇ. ಹೀಗಿರುವಾಗ ಸಂಬಂಧಿಕರೊಬ್ಬರು ಹೊರದೇಶದಿಂದ ತಂದುಕೊಟ್ಟ ಒಂದು ಕ್ಯಾಸೆಟ್ ಅವರ ಕೈಸೇರಿತು. ಒಂದು ಗಂಟಲು, ಒಂದು ಗಿಟಾರ್, ಅಷ್ಟೇ. ಅದು 1960ರ ಆಗಸ್ಟ್ 24ರಂದು ನ್ಯೂಜೆರ್ಸಿಯ ಸ್ಟುಡಿಯೋದಲ್ಲಿ ಒಂದೇ ದಿನದಲ್ಲಿ ಮುಗಿದ ಧ್ವನಿಮುದ್ರಣ, ಒಟ್ಟು ಹನ್ನೆರಡು ಹಾಡು. ‘ಹಾರ್ಲೆಮ್ ಸ್ಟ್ರೀಟ್ ಸಿಂಗರ್’ ಎಂದು ಅದರ ಹೆಸರು. ಮಾಷ್ಟ್ರ ಇಡೀ ಗಿಟಾರ್ ಪಾಠ ಆ ಹನ್ನೆರಡು ಹಾಡುಗಳಿಂದಲೇ ಹೊರಟಿತು.

ಡೇವಿಸ್ ಹುಟ್ಟಿದ್ದು 1896ರ ಏಪ್ರಿಲ್ 30ರಂದು, ಅಮೆರಿಕದ ಸೌತ್ ಕ್ಯಾರೊಲೈನಾದ ಲಾರೆನ್ಸ್‌ನಲ್ಲಿ. ಹಸುಳೆಯಾಗಿದ್ದಾಗಲೇ ಕಣ್ಣು ಹೋಯಿತು, ಸಾಕಿದ್ದು ಅಜ್ಜಿ. ಸ್ಪಾರ್ಟನ್‌ಬರ್ಗ್ ಬಳಿಯ ಅಂಧರ ಶಾಲೆಯಲ್ಲಿ ಸ್ವಲ್ಪ ಕಾಲ ಇದ್ದು ಬ್ರೈಲ್ ಕಲಿತರು. ಮುಂದೆ ನಾರ್ತ್ ಕ್ಯಾರೊಲೈನಾದ ಡರ್ಹಮ್ ಎಂಬ ತಂಬಾಕಿನ ಊರಿನಲ್ಲಿ, ಗೋದಾಮುಗಳ ಎದುರು ಕೂಲಿಕಾರರಿಗೆ ನುಡಿಸಿ ಹೊಟ್ಟೆ ಹೊರೆದರು. ಆ ಕಾಲದ ಹೆಸರಾಂತ ಬ್ಲೂಸ್ (ಕಪ್ಪು ಅಮೆರಿಕನ್ನರ ಜನಪದ ಹಾಡು) ಹಾಡುಗಾರ ಬ್ಲೈಂಡ್ ಬಾಯ್ ಫುಲ್ಲರ್ ಇವರಿಂದಲೇ ಕಲಿತವರು. 1935ರ ಜುಲೈಯಲ್ಲಿ ಜೆ.ಬಿ. ಲಾಂಗ್ ಎಂಬ ಅಂಗಡಿ ಮ್ಯಾನೇಜರ್ ಇಬ್ಬರನ್ನೂ ನ್ಯೂಯಾರ್ಕಿಗೆ ಕರೆದೊಯ್ದು ಧ್ವನಿಮುದ್ರಣ ಮಾಡಿಸಿದರು. ಎರಡು ಬ್ಲೂಸ್ ಹಾಡಾದ ಮೇಲೆ, ಇನ್ನು ದೇವರ ಹಾಡು ಬಿಟ್ಟು ಬೇರೆ ಹಾಡುವುದಿಲ್ಲ ಎಂದು ಡೇವಿಸ್ ಹಟ ಹಿಡಿದರು. ಫುಲ್ಲರ್ ತಟ್ಟೆಗಳು ಚೆನ್ನಾಗಿ ಮಾರಾಟವಾದವು. ಸಿಕ್ಕ ದುಡ್ಡಿನ ವಿಷಯದಲ್ಲಿ ಅಸಮಾಧಾನಗೊಂಡ ಡೇವಿಸ್ ಬಹಳ ವರ್ಷ ಮೈಕಿನ ಮುಂದೆ ಕೂರಲಿಲ್ಲ. 1940ರ ದಶಕದಲ್ಲಿ ಹೆಂಡತಿ ಆ್ಯನಿ ಜೊತೆ ನ್ಯೂಯಾರ್ಕಿಗೆ ಬಂದು ಹಾರ್ಲೆಮ್ ಬೀದಿಗಳಲ್ಲಿ ಹಾಡಿದರು, ಬೋಧಿಸಿದರು.

ಬೀದಿಯಲ್ಲಿ ಹಾಡಿದವರ ಕೈ ಬೇರೆ ಎಂದು ಮಾಷ್ಟ್ರು ಹೇಳುತ್ತಿದ್ದರು. ಬಸ್ಸಿನ ಸದ್ದನ್ನು ಮೀರಿ ಕೇಳಬೇಕಲ್ಲ! ಡೇವಿಸ್ ಹಿಡಿದದ್ದು ಗಿಬ್ಸನ್ ಜೆ-200 ಎಂಬ ದೊಡ್ಡ ಗಿಟಾರ್. ಕೆಳಹೊಟ್ಟೆಯ ಅಗಲ 17 ಇಂಚು, ನಟ್‌ನಿಂದ (ಕತ್ತಿನ ತುದಿಯ ಪಟ್ಟಿ) ಬ್ರಿಜ್‌ವರೆಗೆ (ಹೊಟ್ಟೆಯ ಮೇಲೆ ತಂತಿ ಸಿಕ್ಕಿಸುವ ಮರದ ಪಟ್ಟಿ) ತಂತಿಯ ಉದ್ದ ಇಪ್ಪತ್ತೈದೂವರೆ ಇಂಚು. ಅದಕ್ಕೆ ‘ಮಿಸ್ ಗಿಬ್ಸನ್’ ಎಂದು ಹೆಸರಿಟ್ಟಿದ್ದರು. ಬಲಗೈಯಲ್ಲಿ ದುಡಿಯುತ್ತಿದ್ದದ್ದು ಎರಡೇ ಬೆರಳು, ಹೆಬ್ಬೆರಳು ಮತ್ತು ತೋರುಬೆರಳು. ಹೆಬ್ಬೆರಳಿಗೆ ಪ್ಲಾಸ್ಟಿಕ್ ಪಿಕ್ (ತಂತಿ ಮೀಟಲು ಬೆರಳಿಗೆ ಸಿಕ್ಕಿಸುವ ಉಗುರು), ತೋರುಬೆರಳಿಗೆ ಲೋಹದ ಪಿಕ್. ಕ್ಯಾಸೆಟ್ ಕೇಳಿದವರು ಯಾರೂ ಎರಡು ಬೆರಳೆಂದು ನಂಬುವುದಿಲ್ಲ. ಕೆಳಗೆ ಬೇಸ್ (ತಗ್ಗಿನ ಸ್ವರ) ನಡೆಯುತ್ತಿರುತ್ತದೆ, ಮೇಲೆ ರಾಗ ಓಡುತ್ತಿರುತ್ತದೆ, ನಡುವೆ ಎಲ್ಲೋ ಡೋಲು ಬಡಿದಂತಿರುತ್ತದೆ.

ಇದನ್ನು ಮಾಷ್ಟ್ರು ಕಲಿಸುತ್ತಿದ್ದ ಕ್ರಮ ಹೀಗಿತ್ತು. ಮೊದಲು ಹೆಬ್ಬೆರಳಿನ ಪಿಕ್ ಬೆರಳಿಗೆ ಹೊಂದಬೇಕು. ಬಿಸಿನೀರಲ್ಲಿ ಒಂದು ನಿಮಿಷ ಅದ್ದಿ, ಮೆತ್ತಗಾದಾಗ ಬೆರಳಿಗೆ ಸಿಕ್ಕಿಸಿ ಒತ್ತಿ, ಕೂಡಲೇ ತಣ್ಣೀರಿಗೆ ಹಿಡಿಯಬೇಕು. ಸಡಿಲವಾದರೆ ನುಡಿಸುವಾಗ ತಿರುಗುತ್ತದೆ, ಬಿಗಿಯಾದರೆ ಹತ್ತು ನಿಮಿಷದಲ್ಲಿ ಬೆರಳ ತುದಿ ನೀಲಿಯಾಗುತ್ತದೆ. ಲೋಹದ ಪಿಕ್ ಬೆರಳಿನ ತುದಿಯ ಬಾಗಿಗೆ ಸರಿಯಾಗಿ ಬಗ್ಗಿರಬೇಕು. ಎರಡು ಮೂರು ಮಿಲಿಮೀಟರಿಗಿಂತ ಹೆಚ್ಚು ಮುಂದೆ ಚಾಚಿದರೆ ತಂತಿಗೆ ಸಿಕ್ಕಿಹಾಕಿಕೊಳ್ಳುತ್ತದೆ.

ಮೊದಲ ಎರಡು ವಾರ ತೋರುಬೆರಳಿಗೆ ಕೆಲಸವೇ ಇಲ್ಲ. ಇ ಕಾರ್ಡ್ ಹಿಡಿದು ಹೆಬ್ಬೆರಳಿನಿಂದ ಆರನೇ ತಂತಿ (ಎಲ್ಲಕ್ಕಿಂತ ತಗ್ಗಿನ ಸ್ವರದ್ದು), ನಾಲ್ಕನೇ ತಂತಿ, ಆರು, ನಾಲ್ಕು, ನಿಮಿಷಕ್ಕೆ ಅರವತ್ತರ ನಡೆಯಲ್ಲಿ. ಗೋಡೆ ಗಡಿಯಾರದ ಸೆಕೆಂಡ್ ಮುಳ್ಳೇ ತಾಳ. ಮೂರನೇ ವಾರ ತೋರುಬೆರಳು ಬರುತ್ತದೆ, ಹೆಬ್ಬೆರಳು ಬಿದ್ದಾಗಲೇ ಒಂದನೇ ತಂತಿಯನ್ನೂ ಮೀಟಬೇಕು, ಚಿವುಟಿದಂತೆ. ಅದು ಕೂತ ಮೇಲೆ ಎರಡು ಹೆಬ್ಬೆರಳಿನ ಪೆಟ್ಟುಗಳ ನಡುವೆ ತೋರುಬೆರಳು. ಇಲ್ಲೇ ಎಲ್ಲರೂ ಎಡವುತ್ತಿದ್ದದ್ದು. ತೋರುಬೆರಳು ಬಂದ ತಕ್ಷಣ ಹೆಬ್ಬೆರಳು ಅದನ್ನು ಕಾಯಲು ನಿಂತುಬಿಡುತ್ತದೆ. ಅದಕ್ಕೆ ಮಾಷ್ಟ್ರ ಮದ್ದು ಒಂದೇ: ಮತ್ತೆ ಒಂದು ವಾರ ಬರಿ ಹೆಬ್ಬೆರಳು, ಆದರೆ ಈ ಸಲ ಪಕ್ಕದವರ ಜೊತೆ ಮಾತಾಡುತ್ತಾ. ಮಾತಾಡುತ್ತಲೇ ಕೈ ನಿಲ್ಲದೆ ನಡೆದರೆ ಪಾಸು.

ಎಡಗೈಯ ವಿಷಯಕ್ಕೆ ಬಂದರೆ, ಈಗಿನ ಗ್ರೇಡ್ ಪರೀಕ್ಷೆಯವರು ಹೆಬ್ಬೆರಳು ಗಿಟಾರಿನ ಕತ್ತಿನ ಹಿಂದೆಯೇ ಇರಬೇಕು ಎನ್ನುತ್ತಾರೆ. ಡೇವಿಸ್ ಅವರ ಹೆಬ್ಬೆರಳು ಕತ್ತಿನ ಮೇಲಿಂದ ಬಗ್ಗಿ ಆರನೇ ತಂತಿಯನ್ನು ಒತ್ತುತ್ತಿತ್ತು. ಎಫ್ ಹಿಡಿಯಲು ಹೆಬ್ಬೆರಳು ಆರನೇ ತಂತಿಯ ಮೊದಲ ಫ್ರೆಟ್‌ಗೆ (ಕತ್ತಿನ ಮೇಲಿನ ಲೋಹದ ಗೆರೆಗಳ ನಡುವಿನ ಮನೆ). ತೋರುಬೆರಳು ಒಂದು ಮತ್ತು ಎರಡನೇ ತಂತಿಗೆ, ಅದೇ ಫ್ರೆಟ್. ನಡುಬೆರಳು ಮೂರನೇ ತಂತಿಯ ಎರಡನೇ ಫ್ರೆಟ್‌ಗೆ. ಉಂಗುರಬೆರಳು ನಾಲ್ಕನೇ ತಂತಿಯ ಮೂರನೇ ಫ್ರೆಟ್‌ಗೆ. ಕಿರುಬೆರಳು ರಾಗಕ್ಕೆ ಬಿಡುವಾಗಿ ಉಳಿಯುತ್ತದೆ. ಇಡೀ ತಂತ್ರದ ಲಾಭ ಆ ಒಂದು ಬಿಡುವಿನ ಬೆರಳಿನಲ್ಲಿದೆ. ಡೇವಿಸ್ ಅವರ ಎಡ ಮಣಿಕಟ್ಟು ಹಿಂದೆ ಮುರಿದು ಓರೆಯಾಗಿ ಕೂಡಿಕೊಂಡಿತ್ತು. ಬೇರೆಯವರಿಗೆ ಕೈಗೆಟುಕದ ಕೆಲವು ಹಿಡಿತಗಳು ಅವರಿಗೆ ಸಲೀಸಾಗಿದ್ದದ್ದು ಅದರಿಂದ. ಕೈ ಚಿಕ್ಕದಿರುವ ಮಕ್ಕಳು ಅದನ್ನು ಅನುಕರಿಸಲು ಹೋಗಿ ಮಣಿಕಟ್ಟು ನೋಯಿಸಿಕೊಳ್ಳಬಾರದೆಂದು ಮಾಷ್ಟ್ರು ಅವರಿಗೆ ಐದನೇ ತಂತಿಯಿಂದ ಬೇಸ್ ಶುರುಮಾಡುವ ಸಿ ಮತ್ತು ಎ ಕಾರ್ಡುಗಳನ್ನೇ ಕೊಡುತ್ತಿದ್ದರು.

ಕೊನೆಗೆ ಹಾಡು. ಡೇವಿಸ್ ಒಂದು ಸಾಲನ್ನು ಅರ್ಧ ಹಾಡಿ ಬಾಯಿ ಮುಚ್ಚುತ್ತಾರೆ, ಉಳಿದ ಮಾತನ್ನು ಗಿಟಾರ್ ಹೇಳುತ್ತದೆ. ಮಾಷ್ಟ್ರು ಅದನ್ನೇ ಕ್ಲಾಸಿನ ಆಟ ಮಾಡಿದರು. ಇಡೀ ಕ್ಲಾಸು ನಮ್ಮದೇ ಒಂದು ಕನ್ನಡ ಕೀರ್ತನೆಯ ಸಾಲನ್ನು ಹಾಡಿ ಕೊನೆಯ ಪದ ಬಿಟ್ಟುಬಿಡಬೇಕು, ಗಿಟಾರ್ ಹಿಡಿದವನು ಅದನ್ನು ತಂತಿಯಲ್ಲಿ ಪೂರ್ತಿ ಮಾಡಬೇಕು. ಸ್ವರಲಿಪಿ ಇಲ್ಲ, ಬೋರ್ಡಿನ ಮೇಲೆ ಏನೂ ಇಲ್ಲ. ಗಿಟಾರ್ ಹೇಳಿದ್ದು ಯಾವ ಪದವೆಂದು ಹಿಂದಿನ ಬೆಂಚಿನವರಿಗೆ ಕೇಳಿಸಿದರೆ ಸರಿ, ಇಲ್ಲದಿದ್ದರೆ ಮತ್ತೊಮ್ಮೆ. ಆ ಕೋಣೆಯಲ್ಲಿ ಕಲಿತವರ ಕೈ ಇವತ್ತಿಗೂ ಬೇರೆಯೇ. ಯಾವ ಸಭೆಯ ಯಾವ ಕಾಯರಿನಲ್ಲಿ ನುಡಿಸಲಿ, ಎರಡು ಸಾಲು ಕೇಳಿದರೆ ನಮ್ಮ ಶಾಲೆಯವರೆಂದು ಗೊತ್ತಾಗುತ್ತದೆ. ಇದನ್ನು ಹೆಮ್ಮೆಯಿಂದಲೇ ಹೇಳುತ್ತಿದ್ದೇನೆ.

ಸಂಸೋನ ಮತ್ತು ದೆಲೀಲಳ ಹಾಡನ್ನು ಕೇಳಿಸುವ ಮುನ್ನ ಮಾಷ್ಟ್ರು ಸತ್ಯವೇದ ತೆರೆಸುತ್ತಿದ್ದರು. ನ್ಯಾಯಸ್ಥಾಪಕರು 13ರಿಂದ 16ನೇ ಅಧ್ಯಾಯ, ಪೂರ್ತಿ ಓದಬೇಕು. ಕಣ್ಣು ಕೀಳಿಸಿಕೊಂಡು ಬೀಸುವ ಕಲ್ಲಿಗೆ ಬಿದ್ದ ಸಂಸೋನನ ಕಥೆಯನ್ನು ಕಣ್ಣಿಲ್ಲದ ಒಬ್ಬರು ಹಾಡುತ್ತಿದ್ದಾರೆ ಎಂಬುದನ್ನು ಅವರು ಬಿಡಿಸಿ ಹೇಳಲಿಲ್ಲ. ಕ್ಯಾಸೆಟ್ ಹಾಕಿ ಕಿಟಕಿಯ ಬಳಿ ಹೋಗಿ ನಿಂತರು. ಈ ಹಾಡನ್ನು ಬ್ಲೈಂಡ್ ವಿಲ್ಲಿ ಜಾನ್ಸನ್ 1927ರಲ್ಲೇ ಹಾಡಿದ್ದರು. ಆದರೆ 1962ರಲ್ಲಿ ಪೀಟರ್, ಪಾಲ್ ಆ್ಯಂಡ್ ಮೇರಿ ತಂಡ ತಮ್ಮ ಮೊದಲ ಆಲ್ಬಮ್‌ನಲ್ಲಿ ಹಾಡಿದ್ದು ಡೇವಿಸ್ ಅವರಿಂದ ಬಂದ ರೂಪವನ್ನು. ಅದರ ರಾಯಲ್ಟಿಯಿಂದ ಡೇವಿಸ್ ದಂಪತಿ ನ್ಯೂಯಾರ್ಕಿನ ಕ್ವೀನ್ಸ್‌ನಲ್ಲಿ ಸ್ವಂತ ಮನೆ ಕೊಂಡರು. ಬೀದಿಯಲ್ಲಿ ಅಷ್ಟು ವರ್ಷ ಹಾಡಿದವರಿಗೆ ಅರವತ್ತೈದು ದಾಟಿದ ಮೇಲೆ ಸಿಕ್ಕ ಸೂರು ಅದು.

ಆ ಮನೆಗೆ ಪಾಠಕ್ಕೆ ಬರುತ್ತಿದ್ದ ಹುಡುಗರ ಪಟ್ಟಿ ದೊಡ್ಡದು. ಸ್ಟೀಫನ್ ಗ್ರಾಸ್‌ಮನ್, ರಾಯ್ ಬುಕ್ ಬೈಂಡರ್, ವುಡಿ ಮಾನ್, ಎರ್ನಿ ಹಾಕಿನ್ಸ್, ಗ್ರೇಟ್‌ಫುಲ್ ಡೆಡ್ ಎಂಬ ರಾಕ್ ತಂಡದ ಬಾಬ್ ವೀರ್. ಪಾಠಕ್ಕೆ ಐದು ಡಾಲರ್. ಗಡಿಯಾರ ನೋಡುವ ಪದ್ಧತಿ ಇರಲಿಲ್ಲ, ಒಂದು ಪಾಠ ಇಡೀ ದಿನ ನಡೆದದ್ದೂ ಉಂಟು. ಗುರು ನುಡಿಸುತ್ತಾರೆ, ಶಿಷ್ಯ ಕೇಳಿ ನುಡಿಸುತ್ತಾನೆ, ತಪ್ಪಿದರೆ ಗುರು ಮತ್ತೆ ನುಡಿಸುತ್ತಾರೆ. ಬೆರಳು ತೋರಿಸಿ ಹೇಳುವುದಕ್ಕಿಂತ ಕಿವಿಯ ಮೇಲೆ ಬಿಡುವುದೇ ಹೆಚ್ಚು. ನಮ್ಮ ಮಾಷ್ಟ್ರ ಕ್ಲಾಸೂ ಹಾಗೇ ಇತ್ತು. ಶನಿವಾರ ಬೆಳಗ್ಗಿನ ಕ್ಲಾಸು ಬಿಟ್ಟ ಮೇಲೆ ಶುರುವಾದದ್ದು ಸಂಜೆಯ ದೀಪ ಹಚ್ಚುವವರೆಗೆ ನಡೆಯುತ್ತಿತ್ತು, ಫೀಸಿನ ಪ್ರಶ್ನೆಯೇ ಇರಲಿಲ್ಲ.

ಈಗ ಬಹಳಷ್ಟು ಶಾಲೆಗಳಲ್ಲಿ ಸಂಗೀತದ ಪೀರಿಯಡ್ ಉಳಿದಿರುವುದು ವಾರ್ಷಿಕೋತ್ಸವಕ್ಕೆ ಮೂರು ವಾರ ಮೊದಲು ಮಾತ್ರ. ಮಕ್ಕಳು ಯೂಟ್ಯೂಬ್ ನೋಡಿ ಕಲಿಯುತ್ತಾರೆ, ಅದೇನೂ ತಪ್ಪಲ್ಲ. ಡೇವಿಸ್ ಅವರ ಹಳೆಯ ಚಿತ್ರೀಕರಣಗಳೂ ಅಲ್ಲಿವೆ, ಮಾಷ್ಟ್ರಿಗೆ ಆ ಭಾಗ್ಯ ಸಿಕ್ಕಿದ್ದು ಮುಪ್ಪಿನಲ್ಲಿ. ಆದರೆ ಮಕ್ಕಳು ಬೆರಳು ನೋಡುತ್ತಾರೆ, ಕೇಳುವುದಿಲ್ಲ. ಫ್ರೆಟ್ ನಂಬರ್ ಸರಿ ಇರುತ್ತದೆ, ಹೆಬ್ಬೆರಳು ನಡೆಯುತ್ತಿರುವುದಿಲ್ಲ. ವಾರಕ್ಕೆ ಒಂದು ಗಂಟೆ, ಪರದೆ ಇಲ್ಲದೆ, ಒಬ್ಬ ಮನುಷ್ಯನ ಎದುರು ಕೂತು ಕೇಳುವ ಅವಕಾಶ ನಮ್ಮ ಶಾಲೆಯಲ್ಲಾದರೂ ಮತ್ತೆ ಬರಲಿ ಎಂಬುದು ಹಳೆ ವಿದ್ಯಾರ್ಥಿಗಳ ಕೋರಿಕೆ.

ಬ್ರಿಜ್ ಕಿತ್ತ ಪ್ರಸಂಗ ಬರೆಯದಿದ್ದರೆ ಆ ಬ್ಯಾಚಿನವರು ಬಿಡಲಿಕ್ಕಿಲ್ಲ. ಶಾಲೆಗೆ ಹೊಸದಾಗಿ ಬಂದ ಗಿಟಾರ್ ನೈಲಾನ್ ತಂತಿಯದ್ದು. ಅದರಲ್ಲಿ ಡೇವಿಸ್ ಪಾದ್ರಿಯ ಸದ್ದು ಬರುವುದಿಲ್ಲವೆಂದು ಒಂಬತ್ತನೇ ಕ್ಲಾಸಿನ ಮೂವರು ದುಡ್ಡು ಒಟ್ಟುಹಾಕಿ, ಹಂಪನಕಟ್ಟೆಯಿಂದ ಉಕ್ಕಿನ ತಂತಿಯ ಸೆಟ್ ತಂದು, ಒಂದು ಶುಕ್ರವಾರ ಸಂಜೆ ಯಾರಿಗೂ ಹೇಳದೆ ಹಾಕಿ ಪೂರ್ತಿ ಶ್ರುತಿಗೆ ಬಿಗಿದರು. ಒಂದು ಗಂಟೆ ಸದ್ದು ಬಹಳ ಚೆನ್ನಾಗಿತ್ತು. ಸೋಮವಾರ ಬೀರು ತೆರೆದರೆ ಬ್ರಿಜ್‌ನ ಹಿಂಭಾಗ ಅರ್ಧ ಇಂಚು ಎದ್ದು ನಿಂತಿದೆ, ಮುಂದಿನ ಹಲಗೆ ಉಬ್ಬಿದೆ.

ಮಾಷ್ಟ್ರು ಬೈಯಲಿಲ್ಲ. ಮೂವರನ್ನೂ ಬೋರ್ಡಿಗೆ ಕರೆದು ಲೆಕ್ಕ ಬರೆಸಿದರು. ನೈಲಾನ್ ತಂತಿ ಆರೂ ಸೇರಿ ಎಳೆಯುವುದು ಸುಮಾರು 40 ಕಿಲೋ. 12–53 ಗೇಜಿನ (ತಂತಿಯ ದಪ್ಪದ ಅಳತೆ) ಉಕ್ಕಿನ ತಂತಿ ಎಳೆಯುವುದು 70 ಕಿಲೋ ಮೀರಿ. ನೈಲಾನ್ ಗಿಟಾರಿನ ಹಲಗೆ ತೆಳು, ಒಳಗಿನ ಪಟ್ಟಿಗಳು ಹಗುರ, ಕತ್ತಿನೊಳಗೆ ಸಾಮಾನ್ಯವಾಗಿ ಕಬ್ಬಿಣದ ಸರಳೂ ಇರುವುದಿಲ್ಲ. ಬ್ರಿಜ್ ನಿಂತಿರುವುದು ಬರಿ ಅಂಟಿನ ಮೇಲೆ. ಮೊದಲೇ ಮಳೆಗಾಲ, ತೇವಕ್ಕೆ ಅಂಟು ಮೆತ್ತಗಾಗಿರುತ್ತದೆ.

ರಿಪೇರಿಯನ್ನೂ ಅವರ ಕೈಯಿಂದಲೇ ಮಾಡಿಸಿದರು. ತೆಳ್ಳಗಿನ ಸಟ್ಟುಗವನ್ನು ಬಿಸಿ ಮಾಡಿ, ಎದ್ದ ಕಡೆಯಿಂದ ಒಳಗೆ ತೂರಿಸುತ್ತಾ ಉಳಿದ ಅಂಟನ್ನು ಬಿಡಿಸಬೇಕು. ಅವಸರಪಟ್ಟರೆ ಹಲಗೆಯ ನಾರು ಕಿತ್ತು ಬರುತ್ತದೆ. ಎರಡೂ ಕಡೆಯ ಹಳೆ ಅಂಟನ್ನು ಪೂರ್ತಿ ಹೆರೆದು ಬರಿ ಮರ ಕಾಣಿಸಬೇಕು, ವಾರ್ನಿಷ್ ಮೇಲೆ ಅಂಟು ಹಿಡಿಯುವುದಿಲ್ಲ. ಅಂಟಿಲ್ಲದೆ ಒಮ್ಮೆ ಕ್ಲಾಂಪ್ ಹಾಕಿ ನೋಡಿ, ಆಮೇಲೆ ಬಡಗಿಯ ಬಿಳಿ ಅಂಟನ್ನು ತೆಳ್ಳಗೆ ಸವರಿ ಕ್ಲಾಂಪ್ ಬಿಗಿಯಬೇಕು. ಅತಿಯಾಗಿ ಬಿಗಿದರೆ ಅಂಟೆಲ್ಲ ಹೊರಗೆ ಬಂದು ಒಳಗೆ ಏನೂ ಉಳಿಯುವುದಿಲ್ಲ. ಹೊರಬಂದದ್ದನ್ನು ಒದ್ದೆ ಬಟ್ಟೆಯಲ್ಲಿ ಒರೆಸಿ ಇಪ್ಪತ್ನಾಲ್ಕು ಗಂಟೆ ಮುಟ್ಟುವ ಹಾಗಿಲ್ಲ, ತಂತಿ ಹಾಕುವುದು ಮೂರು ದಿನ ಕಳೆದು. ಆ ಮೂವರಲ್ಲಿ ಒಬ್ಬ ಈಗ ವಾದ್ಯ ರಿಪೇರಿಯನ್ನೇ ಕಸುಬು ಮಾಡಿಕೊಂಡಿದ್ದಾನೆ.

ಡೇವಿಸ್ ಕೊನೆಯವರೆಗೂ ಹಾಡಿದರು. 1972ರ ಮೇ 5ರಂದು ನ್ಯೂಜೆರ್ಸಿಯಲ್ಲಿ ಕಾರ್ಯಕ್ರಮವೊಂದಕ್ಕೆ ಹೋಗುವ ದಾರಿಯಲ್ಲಿ ಹೃದಯಾಘಾತವಾಗಿ ತೀರಿಕೊಂಡರು, ಎಪ್ಪತ್ತಾರು ವಯಸ್ಸು. ಮಾಷ್ಟ್ರೂ ಹೋಗುವ ಹಿಂದಿನ ಶನಿವಾರದವರೆಗೆ ಪಾಠ ಹೇಳಿದ್ದರು.

ಅವರು ರಿಪೇರಿ ಮಾಡಿಸಿದ ಗಿಟಾರ್ ಈಗಲೂ ಸಂಗೀತ ಕೋಣೆಯ ಬೀರುವಿನಲ್ಲಿದೆ. ಬ್ರಿಜ್ ಕದಲಿಲ್ಲ. ತೇವ ಹೀರಲೆಂದು ಒಳಗೆ ಅವರು ಇಡುತ್ತಿದ್ದ ಹುರಿದ ಅಕ್ಕಿಯ ಗಂಟು ಬೂಷ್ಟು ಹಿಡಿದಿದೆ, ಅದನ್ನು ಬದಲಿಸಬೇಕು. ಮಳೆಗಾಲದಲ್ಲಿ ಹದಿನೈದು ದಿನಕ್ಕೊಮ್ಮೆ ಹೊಸದಾಗಿ ಹುರಿದು ಇಡಬೇಕು. ತಂತಿ ಸತ್ತಿದೆ. ಹೊಸದು ಹಾಕುವವರು ನೈಲಾನ್ ತಂತಿಯನ್ನೇ ತನ್ನಿ. ಎಲ್ಲವನ್ನೂ ಒಟ್ಟಿಗೆ ಬಿಚ್ಚಬೇಡಿ, ಒಂದೊಂದಾಗಿ ಬದಲಿಸಿ, ಆರನೇ ತಂತಿಯಿಂದ ಶುರುಮಾಡಿ.