ಆರನೇ ಒಂದರಷ್ಟು ಅಳತೆಯ ಕಾಂಪರ್ ಸ್ವಿಫ್ಟ್: ಚೌಕಟ್ಟು ಮುಗಿಯಿತು, ಇನ್ನು ಮೂಗು

ಕಾಂಪರ್ ಸ್ವಿಫ್ಟ್ ಎಂಬ ಹಳೆಯ ಪುಟ್ಟ ಇಂಗ್ಲಿಷ್ ವಿಮಾನದ ಮಾದರಿ ಕಟ್ಟುತ್ತಿದ್ದೇನೆ. ರೆಕ್ಕೆಯ ಕೊನೆಯ ರಿಬ್‌ಗಳು (ರೆಕ್ಕೆಗೆ ಆಕಾರ ಕೊಡುವ ಅಡ್ಡಪಟ್ಟಿಗಳು) ನಿನ್ನೆ ಕೂತವು. ತುದಿಯಿಂದ ತುದಿಗೆ 122 ಸೆಂ.ಮೀ. ಅಸಲಿ ವಿಮಾನದ ಅಗಲವೇ 24 ಅಡಿ, ಅದರಲ್ಲಿ ಒಬ್ಬನಿಗೆ ಮಾತ್ರ ಜಾಗ. ಅದು ಸ್ಪ್ರೂಸ್ ಮರದ ಚೌಕಟ್ಟಿಗೆ ಬಟ್ಟೆ ಹೊದಿಸಿದ ವಿಮಾನ. ನಾನು ಸ್ಪಾರ್‌ಗಳಿಗೆ (ರೆಕ್ಕೆಯ ಉದ್ದಕ್ಕೂ ಹಾಯುವ ತೊಲೆಗಳಿಗೆ) ಸ್ಪ್ರೂಸ್ ಉಳಿಸಿಕೊಂಡು ಮಿಕ್ಕದ್ದನ್ನೆಲ್ಲ ಹಗುರವಾದ ಬಾಲ್ಸಾ ಮರದಲ್ಲಿ ಮಾಡಿದ್ದೇನೆ. ಅಸಲಿಯ ರೆಕ್ಕೆಗಳನ್ನು ಹಿಂದಕ್ಕೆ ಮಡಚಿ ಸಣ್ಣ ಕೊಟ್ಟಿಗೆಯಲ್ಲೂ ನಿಲ್ಲಿಸಬಹುದಿತ್ತು. ಆ ಕೀಲನ್ನು ಬಿಟ್ಟಿದ್ದೇನೆ. ಈ ಅಳತೆಯಲ್ಲಿ ಅದು ಬರೀ ಭಾರ.

ಈಗ ತಲೆ ತುಂಬ ಇರುವುದು ಮೂಗು. ನಿಕೋಲಸ್ ಕಾಂಪರ್ ವಿನ್ಯಾಸದ ಮೊದಲ ಸ್ವಿಫ್ಟ್ 1930ರ ಜನವರಿಯಲ್ಲಿ ಇಂಗ್ಲೆಂಡಿನ ಹೂಟನ್ ಪಾರ್ಕ್‌ನಿಂದ ಹಾರಿದಾಗ ಅದಕ್ಕಿದ್ದದ್ದು 40 ಅಶ್ವಶಕ್ತಿಯ ಸ್ಕಾರ್ಪಿಯನ್ ಎಂಜಿನ್. ಅದಕ್ಕೆ ಜೀವ ಬಂದದ್ದು ಪಾಬ್‌ಜಾಯ್ ಎಂಜಿನ್ ಸಿಕ್ಕ ಮೇಲೆ ಎಂಬುದು ನನ್ನ ಗಟ್ಟಿ ಅಭಿಪ್ರಾಯ. ಪುಟ್ಟ ಏಳು ಸಿಲಿಂಡರುಗಳು, ರಭಸದ ತಿರುಗಾಟ. ಹಲ್ಲಿನ ಚಕ್ರಗಳು ಆ ವೇಗವನ್ನು ಅರ್ಧಕ್ಕೂ ಕೆಳಗಿಳಿಸಿ ಪ್ರೊಪೆಲ್ಲರಿಗೆ ಕೊಡುತ್ತಿದ್ದವು. ಆದ್ದರಿಂದಲೇ ಪ್ರೊಪೆಲ್ಲರಿನ ಅಚ್ಚು ಎಂಜಿನ್ನಿನ ನಡುವಿನಲ್ಲಿಲ್ಲ, ತುಸು ಮೇಲಿದೆ. ಇದನ್ನು ನಡುವಿಗೆ ತಂದು ಸುಲಭ ಮಾಡಿಕೊಂಡರೆ ಸ್ವಿಫ್ಟ್‌ನ ಮುಖವೇ ಕೆಡುತ್ತದೆ. ಮುಂದಿನ ಪ್ಲೈವುಡ್ ಹಲಗೆಯ ಮೇಲೆ ಎರಡು ಕೇಂದ್ರ ಗುರುತು ಮಾಡಿದೆ: ಮೇಲಿನದಕ್ಕೆ ವಿದ್ಯುತ್ ಮೋಟಾರು, ಕೆಳಗಿನದರ ಸುತ್ತ ಅಲಂಕಾರದ ಸಿಲಿಂಡರುಗಳು. ಸಿಲಿಂಡರೆಂದರೆ ಮರದ ದುಂಡುಕಡ್ಡಿ. ಅದಕ್ಕೆ ಹೊಲಿಗೆ ದಾರ ಒತ್ತೊತ್ತಾಗಿ ಸುತ್ತಿ ಅಂಟು ಸವರಿದರೆ ತಂಪುರೆಕ್ಕೆಗಳು (ಸಿಲಿಂಡರಿನ ಬಿಸಿ ಹೊರಹಾಕುವ ತೆಳು ಅಂಚುಗಳು) ಅಚ್ಚುಕಟ್ಟಾಗಿ ಮೂಡುತ್ತವೆ. ನಾಲ್ಕು ಸಿದ್ಧವಾಗಿವೆ.

ಮೂಗು ಗಿಡ್ಡ, ಮೋಟಾರು ಹಗುರ. ಹಾಗಾಗಿ ಬಾಲದಲ್ಲಿ ಒಂದು ಗ್ರಾಂ ಹೆಚ್ಚಾದರೆ ಮುಂದೆ ಹಲವು ಗ್ರಾಂ ಸೀಸ ತುಂಬಬೇಕಾಗುತ್ತದೆ. ಬಾಲದ ಕಡ್ಡಿಗಳನ್ನು ಮರಳುಕಾಗದದಿಂದ ಇನ್ನಷ್ಟು ತೆಳುಮಾಡಿ, ಸರ್ವೊಗಳನ್ನು (ಚುಕ್ಕಾಣಿ ತಿರುಗಿಸುವ ಪುಟ್ಟ ಮೋಟಾರುಗಳನ್ನು) ರೆಕ್ಕೆಯ ಕೆಳಗೇ ಕೂರಿಸಿ, ಬ್ಯಾಟರಿಯನ್ನು ಸಿಲಿಂಡರುಗಳ ಹಿಂಬದಿಗೆ ತಳ್ಳಿದ್ದೇನೆ. ಗುರುತ್ವಕೇಂದ್ರ ಈಗ ಮುಂದಿನ ಸ್ಪಾರಿನ ಹತ್ತಿರ ಬಂದಿದೆ.

1931ರಲ್ಲಿ ಪೈಲಟ್ ಸಿ. ಎ. ಬಟ್ಲರ್ ಇಂಥದೇ ಸ್ವಿಫ್ಟ್‌ನಲ್ಲಿ ಇಂಗ್ಲೆಂಡಿನಿಂದ ಆಸ್ಟ್ರೇಲಿಯಕ್ಕೆ ಒಂಬತ್ತು ದಿನ ಚಿಲ್ಲರೆಯಲ್ಲಿ ಹೋದ. ಆದರೂ ನನ್ನ ಮಾದರಿ ಬಟ್ಲರನದಲ್ಲ. ಭಾರತದಲ್ಲಿ ಚಹಾ ತೋಟ ನಡೆಸುತ್ತಿದ್ದ ಆಲ್ಬನ್ ಅಲಿಯ ‘ಸ್ಕಾರ್ಲೆಟ್ ಏಂಜೆಲ್’ ನನ್ನ ಆಯ್ಕೆ. ವಿಟಿ-ಎಡಿಒ ಎಂಬ ಭಾರತೀಯ ನೋಂದಣಿಯಿದ್ದ ಅದು 1933ರಲ್ಲಿ ದೆಹಲಿಯ ವೈಸ್‌ರಾಯ್ ಕಪ್ ಸ್ಪರ್ಧೆಯಲ್ಲಿ ಹಾರಿತು. ಅದೇ ಸ್ಪರ್ಧೆಗೆಂದು ರಿಚರ್ಡ್ ಶಟಲ್‌ವರ್ತ್ ತನ್ನ ಸ್ವಿಫ್ಟ್‌ನಲ್ಲಿ ಇಂಗ್ಲೆಂಡಿನಿಂದ ಹಾರಿ ಬಂದಿದ್ದ. ಅಲಿಯ ವಿಮಾನ ಇಂದಿರುವುದು ಆ ಶಟಲ್‌ವರ್ತ್ ಹೆಸರಿನ ಹಳೆಯ ವಿಮಾನಗಳ ಸಂಗ್ರಹದಲ್ಲಿಯೇ, ಇಂಗ್ಲೆಂಡಿನ ಓಲ್ಡ್ ವಾರ್ಡನ್‌ನಲ್ಲಿ!

ಉಳಿದ ಮೂರು ಸಿಲಿಂಡರುಗಳು ಒಣಗಿದೊಡನೆ ಕೌಲಿನ (ಎಂಜಿನ್ನಿನ ಸುತ್ತಲಿನ ಮುಸುಕಿನ) ಅಚ್ಚು ತೆಗೆಯುತ್ತೇನೆ. ಹೊದಿಕೆಗೆ ಪ್ಲಾಸ್ಟಿಕ್ ಹಾಳೆ ಬೇಡವೆಂದು ತೀರ್ಮಾನಿಸಿದ್ದೇನೆ. ತೆಳು ಕಾಗದವೇ ಸರಿ, ಅದರಡಿ ರಿಬ್‌ಗಳ ಸಾಲು ಕಾಣಬೇಕು.