ಕಾಳಸಂತೆಯ ಜಾಡಿನಲ್ಲಿ: ಉವೆನೊದಿಂದ ಶಿಂಜುಕುವಿಗೆ

ಟೋಕಿಯೋದ ಉವೆನೊ ನಿಲ್ದಾಣದಲ್ಲಿ ಶಿನೋಬಾಜು ದ್ವಾರದಿಂದ ಹೊರಬಿದ್ದು ರಸ್ತೆ ದಾಟಿದರೆ ಅಮೆಯೊಕೊ ಬೀದಿಯ ಕಮಾನು. ಅಲ್ಲಿಂದ ಒಕಾಚಿಮಾಚಿವರೆಗೆ, ನಗರವನ್ನು ಸುತ್ತುವರಿಯುವ ಯಮನೋತೆ ರೈಲುಹಳಿಯ ಮಗ್ಗುಲಲ್ಲೇ, ಸುಮಾರು ಅರ್ಧ ಕಿಲೋಮೀಟರ್ ಸಂತೆ. ಬೆಳಗ್ಗೆ ಹತ್ತಕ್ಕೆ ಮೊದಲು ಹೋದರೆ ಎಳೆದ ಷಟರ್‌ಗಳನ್ನಷ್ಟೇ ನೋಡಬೇಕು; ವರ್ಷದ ಕೊನೆಯ ದಿನಗಳಲ್ಲಿ ಕಾಲಿಡಲು ಜಾಗ ಸಿಗದು.

ಈಗ ಮೀನು, ಬೂಟು, ಮಸಾಲೆ ಮಾರುವ ಈ ಬೀದಿ 1945ರ ಸೋಲಿನ ನಂತರ ಕಾಳಸಂತೆಯಾಗಿತ್ತು. ಅದು ಇಲ್ಲೇ ಏಕೆ ಬೆಳೆಯಿತು ಎಂಬುದಕ್ಕೆ ರೈಲು ನಕ್ಷೆ ನೋಡಿದರೆ ಸಾಕು: ಭತ್ತ ಬೆಳೆಯುವ ಈಶಾನ್ಯ ಸೀಮೆಯ ರೈಲುಗಳು ಬಂದು ನಿಲ್ಲುತ್ತಿದ್ದುದು ಉವೆನೊದಲ್ಲಿ. ವಯಸ್ಕರ ಪಡಿತರ ದಿನಕ್ಕೆ 297 ಗ್ರಾಂ ಅಕ್ಕಿ. ಅದೂ ತಡವಾಗಿ, ಎಷ್ಟೋ ಸಲ ಅಕ್ಕಿಯ ಬದಲು ಗೆಣಸು. ಕಾಳಸಂತೆಯ ಅನ್ನ ಮುಟ್ಟೆನೆಂದ ನ್ಯಾಯಾಧೀಶ ಯಮಗುಚಿ ಯೋಶಿತಾದ 1947ರಲ್ಲಿ ಹಸಿವಿನಿಂದ ಸೊರಗಿ ಸತ್ತರು. ಹೀಗಿರುವಾಗ ಸೇನೆಯಿಂದ ಬರಿಗೈಲಿ ಮರಳಿದ ಹುಡುಗ ಅಕ್ಕಿಮೂಟೆ ಹೊತ್ತರೆ ಅದನ್ನು ಕಳ್ಳತನ ಎನ್ನುವುದು ಕಷ್ಟ. ಹಳ್ಳಿಯಲ್ಲಿ ಕೊಳ್ಳುವುದು, ಬೆನ್ನಿಗೆ ಕಟ್ಟಿ ರೈಲು ಹತ್ತುವುದು, ತಪಾಸಣೆಯ ಸುಳಿವು ಸಿಕ್ಕರೆ ಕಿಟಕಿಯಿಂದಾಚೆ ಎಸೆಯುವುದು. ಮೂಟೆ ಪೊಲೀಸರ ಪಾಲಾದರೆ ಬಂಡವಾಳವೇ ಹೋಯಿತು. ಆಮೇಲೆ ಉಳಿಯುತ್ತಿದ್ದುದು ಜೇಬು ಕತ್ತರಿಸುವುದು, ಇಲ್ಲವೇ ಅಂಗಡಿಗಳಿಂದ ಜಾಗದ ಮಾಮೂಲಿ ವಸೂಲು ಮಾಡುವ ಗುಂಪು ಸೇರುವುದು. ನಿಲ್ದಾಣದ ನೆಲದಡಿಯ ಹಾದಿಯಲ್ಲಿ ಯುದ್ಧದ ಅನಾಥ ಮಕ್ಕಳು ಮಲಗುತ್ತಿದ್ದರು. ಬೂಟು ಪಾಲಿಶ್‌ನಿಂದ ಕಿಸೆಗಳ್ಳತನಕ್ಕೆ ಇಳಿಯಲು ಅವರಿಗೆ ದೊಡ್ಡ ದಾರಿಯೇನೂ ಬೇಕಿರಲಿಲ್ಲ.

ಅದೇ ಯಮನೋತೆ ರೈಲಿನಲ್ಲಿ ಅರ್ಧ ಗಂಟೆಯೊಳಗೆ ಶಿಂಜುಕು. ಸೋಲು ಒಪ್ಪಿಕೊಂಡ ಐದೇ ದಿನಕ್ಕೆ, ಆಗಸ್ಟ್ 20ರಂದು, ಓಜು ಎಂಬ, ಬೀದಿವ್ಯಾಪಾರಿಗಳ ಗುಂಪಿನ ಮುಖಂಡನ ತಂಡ ಇಲ್ಲಿ ಸಂತೆ ತೆರೆದಿತ್ತು. ಯುದ್ಧಸಾಮಗ್ರಿ ಮಾಡುತ್ತಿದ್ದ ಕಾರ್ಖಾನೆಗಳನ್ನು ಪತ್ರಿಕೆಯಲ್ಲಿ ಜಾಹೀರಾತು ಕೊಟ್ಟು ಕರೆದು, ಪಾತ್ರೆಪಗಡ ಮಾಡಿಸಿ ಮಾರಿಸಿದ ಚಾಲಾಕಿ ಅವನು. ಆ ಸಂತೆ ಈಗಿಲ್ಲ. ಪಶ್ಚಿಮ ದ್ವಾರದ ಒಮೊಯಿದೆ ಯೊಕೊಚೊ ಓಣಿ ಅದೇ ಕಾಲದ್ದು, ಆದರೆ 1999ರ ಬೆಂಕಿಯಲ್ಲಿ ಒಂದು ಭಾಗ ಸುಟ್ಟು ಮತ್ತೆ ಕಟ್ಟಿದ್ದು. ಗೋಧಿಯ ಮೇಲೆ ನಿಯಂತ್ರಣವಿದ್ದುದರಿಂದ ಇಲ್ಲಿನವರು ನಿಯಂತ್ರಣವಿಲ್ಲದ ದನ-ಹಂದಿಯ ಕರುಳು, ಜೊತೆಗೆ ಹಾವುಮೀನು (ಈಲ್) ಸುಟ್ಟು ಮಾರತೊಡಗಿದರು. ಇಂದಿಗೂ ಅದೇ ಮುಖ್ಯ. ಸಸ್ಯಾಹಾರಿಗಳು ಊಟ ಮುಗಿಸಿಕೊಂಡೇ ಹೋಗುವುದು ವಾಸಿ.

ಬೀದಿ ಅಂಗಡಿ ತೆಗೆಯಿರೆಂದು, ಯುದ್ಧದ ನಂತರ ಜಪಾನನ್ನು ಹಿಡಿತದಲ್ಲಿಟ್ಟುಕೊಂಡಿದ್ದ ಅಮೆರಿಕನ್ ಆಡಳಿತ 1949ರಲ್ಲಿ ಆದೇಶಿಸಿದ ಮೇಲೆ ಎತ್ತಂಗಡಿಯಾದವರು ಸೇರಿದ್ದು ಪೂರ್ವ ಬದಿಯ ಗೋಲ್ಡನ್ ಗಾಯ್ ಎಂಬ ಇಕ್ಕಟ್ಟಿನ ಓಣಿಗಳಿಗೆ. ಬೆರಳೆಣಿಕೆಯ ಆಸನಗಳ ಬಾರ್‌ಗಳು. ಕೂತಿದ್ದಕ್ಕೇ ಶುಲ್ಕ ಕೊಡಬೇಕಾದವು ಹಲವು. ಬಾಗಿಲಲ್ಲಿ ಬರೆದಿಲ್ಲದಿದ್ದರೆ ಒಳಗೆ ಕಾಲಿಡುವ ಮೊದಲೇ ಕೇಳಿ. ಸುತ್ತಲಿನ ರಾತ್ರಿಪೇಟೆ ಕಬುಕಿಚೊದಲ್ಲಿ ‘ಅಗ್ಗದ ಬಾರ್’ ತೋರಿಸುತ್ತೇನೆಂದು ಹಿಂದೆ ಬೀಳುವ ಹುಡುಗರ ಜೊತೆ ಹೋಗಬೇಡಿ. ಬಿಲ್ಲು ಹೇಳಿದ್ದರ ಹತ್ತುಪಟ್ಟು ಬಂದೀತು.