ಒಕಿಕುವಿನ ಒಂಬತ್ತು ತಟ್ಟೆ: ಹ್ಯಾಲೋವೀನ್ ಲೂಪ್ ಎಲ್ಲಿಗೆ ಬಂತು

ಹ್ಯಾಲೋವೀನ್‌ಗೆ ನಾವು ಮಾಡುತ್ತಿರುವುದು ಕೊನೆಯಿಂದ ಮತ್ತೆ ಮೊದಲಿಗೆ ತಿರುಗುವ ಪುಟ್ಟ ಆನಿಮೇಷನ್, ಅಂದರೆ ಲೂಪ್. ಆಧಾರ, 1831–32ರ ಸುಮಾರಿಗೆ ಜಪಾನಿನ ಕಲಾವಿದ ಹೊಕುಸಾಯ್ ಮಾಡಿದ ‘ಹ್ಯಾಕು ಮೊನೊಗತಾರಿ’ ಎಂಬ ದೆವ್ವದ ಕಥೆಗಳ ಮರದಚ್ಚಿನ ಸರಣಿ. ಅದರ ಐದು ಚಿತ್ರಗಳಷ್ಟೇ ಗೊತ್ತಿವೆ. ಒಂದರಲ್ಲಿ ಬಾವಿಯಿಂದೇಳುವ ದೆವ್ವ ಒಕಿಕುವಿಗೆ ತಟ್ಟೆಗಳ ಸರವೇ ಕುತ್ತಿಗೆ. ಕಥೆಯಲ್ಲಿ ಆಕೆ ಹತ್ತು ತಟ್ಟೆಯಲ್ಲಿ ಒಂದು ಕಾಣೆಯಾಗಿ ಪ್ರಾಣ ತೆತ್ತ ಕೆಲಸದವಳು, ಒಂಬತ್ತರವರೆಗೆ ಎಣಿಸಿ ಚೀರುತ್ತಾಳೆ. ನಮ್ಮ ಲೂಪ್‌ನಲ್ಲಿ ಬಾವಿಯ ಜಾಗಕ್ಕೆ ಕತ್ತಲಲ್ಲಿ ಅಂಗಾತ ಬಿದ್ದ ಮೊಬೈಲ್, ತಟ್ಟೆಯ ಅಂಚಿಗೆ ಲೋಡಿಂಗ್ ಉಂಗುರ. ರಕ್ತ, ಕೆಂಪು ಕಣ್ಣು ಹಾಕಿಲ್ಲ. ಹೊಕುಸಾಯ್‌ನ ಒಕಿಕು ಸಿಟ್ಟಿಗಿಂತ ಸುಸ್ತಿನಲ್ಲಿದ್ದಾಳೆ, ಹೆದರಿಕೆ ಹುಟ್ಟುವುದೇ ಅಲ್ಲಿ.

ಚಿತ್ರ ಬರೆಯುವ ತಂತ್ರಾಂಶ ಕ್ರಿಟಾದಲ್ಲಿ 1080×1920 ಪಿಕ್ಸೆಲ್ ಕ್ಯಾನ್ವಾಸ್, ಬಣ್ಣದ ಆಳ 16 ಬಿಟ್.

ಕುತ್ತಿಗೆ ಮುಗಿದಿದೆ. ಒಂದೇ ದೀರ್ಘವೃತ್ತವನ್ನು ಒಂಬತ್ತು ಸಲ ಅಂಟಿಸಿದರೆ ಕುತ್ತಿಗೆ ಪೈಪಿನಂತಾಗುತ್ತದೆ. ನೋಟದ ಮಟ್ಟದಿಂದ ಕೆಳಗಿಳಿದಂತೆ ತಟ್ಟೆಯ ಬಾಯಿ ಅಗಲವಾಗಿ ಕಾಣಬೇಕು: ಮೇಲಿನದಕ್ಕೆ ಎತ್ತರ ಅಗಲದ 0.18 ಪಾಲು, ಕೊನೆಯದಕ್ಕೆ 0.32. ತಟ್ಟೆಯ ನೀಲಿ ಚಿತ್ತಾರ ಒಂದೇ ಲೇಯರ್‌ನಲ್ಲಿದೆ, ಉಳಿದ ಎಂಟು ಅದರ ಕ್ಲೋನ್ ಲೇಯರ್, ಅಂದರೆ ಮೂಲಕ್ಕೆ ಅಂಟಿಕೊಂಡ ನಕಲು. ಪ್ರತಿಯೊಂದಕ್ಕೂ ಮೂಲ ಕೆಡದಂತೆ ಆಕಾರ ಬದಲಿಸುವ ಟ್ರಾನ್ಸ್‌ಫಾರ್ಮ್ ಮಾಸ್ಕ್. ಹೀಗಾಗಿ ಚಿತ್ತಾರ ಬದಲಿಸಿದರೆ ಎಲ್ಲ ಕಡೆ ಬದಲಾಗುತ್ತದೆ.

ತೊಂದರೆ ಕೊಟ್ಟದ್ದು ಹಿನ್ನೆಲೆ. ಮರದಚ್ಚಿನವರು ಬಣ್ಣವನ್ನು ಮೆಲ್ಲಗೆ ಮಸುಕಾಗಿಸುವ ಬೊಕಾಶಿಯಂತೆ ಕಡುನೀಲಿ ಮೆಲ್ಲಗೆ ಕಪ್ಪಿಗೆ ಕರಗಬೇಕು. 8 ಬಿಟ್ ಗ್ರೇಡಿಯೆಂಟ್‌ನಲ್ಲಿ ಕತ್ತಲ ಕಡೆಗೆ ಛಾಯೆಗಳು ಕಡಿಮೆ, ಆದ್ದರಿಂದ ಪಟ್ಟೆ ಬೀಳುತ್ತದೆ. 16 ಬಿಟ್‌ನಲ್ಲಿ ಬರೆದರೂ ವಿಡಿಯೊ ಸಾಮಾನ್ಯವಾಗಿ 8 ಬಿಟ್‌ಗೇ ಇಳಿಯುವುದರಿಂದ ಪಟ್ಟೆ ಮರೆಸಲು ಮೇಲೊಂದು ತೆಳು ನಾಯ್ಸ್ (ಸಣ್ಣ ಚುಕ್ಕೆಗಳ) ಲೇಯರ್ ಬೇಕೇ ಬೇಕು, 3ರಿಂದ 4 ಶೇಕಡಾ ಸಾಕು. ಜಿಐಎಫ್‌ನ ಗೋಜಿಗೆ ಹೋಗಬೇಡಿ. 256 ಬಣ್ಣದಲ್ಲಿ ಈ ನೀಲಿ ಉಳಿಯದು.

ಎಣಿಕೆ ಸೆಕೆಂಡಿಗೆ 12 ಫ್ರೇಮ್‌ನಲ್ಲಿ. ತಟ್ಟೆಗೆ 8 ಫ್ರೇಮ್‌ನಂತೆ 72, ಆಮೇಲೆ 24 ಫ್ರೇಮ್ ಬರೀ ಕತ್ತಲು. ಒಟ್ಟು 8 ಸೆಕೆಂಡ್. ಕತ್ತಲನ್ನು 12 ಫ್ರೇಮ್‌ಗೆ ಇಳಿಸಿದರೆ ಲೂಪ್ ತಿರುಗಿದ್ದೇ ಕಣ್ಣಿಗೆ ಬೀಳುತ್ತದೆ, ಹತ್ತನೆಯದಕ್ಕೆ ಕಾಯುವ ಚಡಪಡಿಕೆ ಹುಟ್ಟುವುದಿಲ್ಲ. 16 ಬಿಟ್‌ನಲ್ಲಿ ಒಂದು ಫ್ರೇಮ್ ಸುಮಾರು 16.6 ಎಂಬಿ, 96ಕ್ಕೆ 1.6 ಜಿಬಿ. ಪ್ಲೇಬ್ಯಾಕ್ ತಡವರಿಸಿದರೆ ಅರ್ಧ ಅಳತೆಯ ಪ್ರತಿಯಲ್ಲಿ ಟೈಮಿಂಗ್ ನೋಡಿಕೊಳ್ಳಿ.

ಬಾಯಿಂದೇಳುವ ಹೊಗೆ ಬಾಕಿ ಇದೆ.

ಮುಂದಿನದು ಜಪಾನಿನ ಚಿತ್ರಕಾರ ಮಾರುಯಾಮಾ ಓಕ್ಯೋ ಮಾದರಿಯ ಕಾಲಿಲ್ಲದ ಯೂರೇ, ಅಂದರೆ ಸತ್ತವರ ದೆವ್ವ. ಶವಕ್ಕೆ ಕಿಮೊನೊದ ಬಲ ಅಂಚು ಎಡದ ಮೇಲೆ ಬರುತ್ತದೆ, ಬದುಕಿದ್ದವರಿಗೆ ಎಡ ಅಂಚು ಮೇಲೆ. ರೇಖೆ ಪರೀಕ್ಷಿಸಲು ಚಿತ್ರವನ್ನೇ ಕನ್ನಡಿಯಲ್ಲಿ ಕಂಡಂತೆ ಎಡಬಲ ತಿರುಗಿಸಿ ಹಾಗೇ ಬಿಟ್ಟರೆ ದೆವ್ವ ಬದುಕಿದವರ ಉಡುಪು ತೊಟ್ಟಂತೆ. ನೋಟವನ್ನಷ್ಟೇ ತಿರುಗಿಸುವ, ಕ್ರಿಟಾದ ಎಂ (M) ಕೀಲಿ ಬಳಸಿ.